ಸಜ್ಜಾ ಇಲ್ಲದ ಕಿಟಕಿ

ಜನವರಿ 7, ಮಂಗಳವಾರ

ಸಿಮೆಂಟ್ ಅಂಗಡಿಯವನು ಪುಕ್ಕಟೆ ಕೊಟ್ಟ ಡೈರಿ ಇದು. ದಿನಕ್ಕೊಂದು ಪುಟ ಅಚ್ಚು ಹಾಕಿದ್ದಾರೆ. ನನ್ನಂಥವನ ಒಂದು ದಿನ ಒಂದು ಪುಟದಲ್ಲಿ ಹಿಡಿಸೀತೇ? ಇರಲಿ, ಒತ್ತಿ ಒತ್ತಿ ತುಂಬುತ್ತೇನೆ. ನಾನು ಓದಿದ್ದು ಹಳ್ಳಿ ಶಾಲೆಯಲ್ಲಿ ಏಳನೆಯ ತರಗತಿಯವರೆಗೆ. ಆದರೆ ನನ್ನ ಅಕ್ಷರ ನೋಡಿದವರು ಯಾರೋ ದೊಡ್ಡ ಮೇಷ್ಟ್ರು ಬರೆದದ್ದು ಎಂದುಕೊಳ್ಳುತ್ತಾರೆ. ಇನ್‌ಸ್ಪೆಕ್ಟರು ಶಾಲೆಗೆ ಬಂದ ದಿನ ಕರಿಹಲಗೆಯ ಮೇಲೆ ‘ಸುಸ್ವಾಗತ’ ಬರೆಯಲು ಮೇಷ್ಟ್ರು ಕೂಗಿದ್ದು ನನ್ನನ್ನೇ.

ಇವತ್ತು ಪುರಸಭೆಗೆ ಅರ್ಜಿ ಹಾಕಿದೆವು. ಮನೆ ತಂಗಿಯ ಹೆಸರಿನಲ್ಲಿದೆ, ಹಾಗಾಗಿ ಅರ್ಜಿದಾರಳು ಅವಳು. ಓಡಾಟ, ಮಾತು, ಮೀಸೆ ಎಲ್ಲ ನನ್ನದು. ಹಿತ್ತಿಲಲ್ಲಿ ಹತ್ತಡಿಗೆ ಹನ್ನೆರಡಡಿಯ ಒಂದು ಕೋಣೆ ಕಟ್ಟಬೇಕು. ಕೋಣೆ ಕೂಸಿಗೆ. ಕೂಸು ಎಂದರೆ ತಂಗಿಯ ಮಗಳು, ಇಪ್ಪತ್ತಾರು ವರ್ಷದ ಕೂಸು. ಅವಳ ಎರಡೂ ಮೂತ್ರಪಿಂಡ ಕೈಕೊಟ್ಟಿವೆ. ಸೋಮ, ಬುಧ, ಶುಕ್ರ ಎರಡು ಗಂಟೆ ಬಸ್ಸಿನಲ್ಲಿ ಹೋಗಿ, ನಾಲ್ಕು ಗಂಟೆ ಯಂತ್ರಕ್ಕೆ ತೋಳು ಕೊಟ್ಟು ರಕ್ತ ತೊಳೆಸಿಕೊಂಡು, ಮತ್ತೆ ಎರಡು ಗಂಟೆ ಬಸ್ಸಿನಲ್ಲಿ ಬರುತ್ತಾಳೆ. ತೋಳಿನ ನರ ಹೆಚ್ಚು ದಿನ ತಾಳುವುದಿಲ್ಲವಂತೆ. ಹೊಟ್ಟೆಗೆ ಒಂದು ಕೊಳವೆ ಹಾಕಿದರೆ, ಔಷಧಿ ನೀರಿನ ಚೀಲ ತೂಗುಹಾಕಿ ಮನೆಯಲ್ಲೇ ದಿನಕ್ಕೆ ನಾಲ್ಕು ಸಲ ತೊಳೆದುಕೊಳ್ಳಬಹುದು ಎಂದಿದ್ದಾರೆ ಡಾಕ್ಟರು. ಆದರೆ ಧೂಳು ಬಾರದ, ಬಾಗಿಲು ಮುಚ್ಚುವ, ನಲ್ಲಿಯಿರುವ ಒಂದು ಕೋಣೆ ಬೇಕೇ ಬೇಕು. ನಮ್ಮದು ಎರಡೇ ಅಂಕಣದ ಮನೆ, ಪಕ್ಕದ ಗೋಡೆ ಹಿಟ್ಟಿನ ಗಿರಣಿ. ಕನ್ನಡಿ ಒರೆಸಿ ತಲೆ ಬಾಚುವಷ್ಟರಲ್ಲಿ ಮತ್ತೆ ಬೆಳ್ಳಗಾಗಿರುತ್ತದೆ.

ಅದಕ್ಕೇನು, ನಾನಿದ್ದೇನೆ. ನಲವತ್ತು ವರ್ಷ ಸೆಂಟ್ರಿಂಗ್ ಕೆಲಸ ಮಾಡಿದವನು. ಹಸಿ ಕಾಂಕ್ರೀಟು ಗಟ್ಟಿಯಾಗುವ ತನಕ ಹೊತ್ತು ನಿಲ್ಲುವ ಹಲಗೆ, ಕಂಬ ಕಟ್ಟುವವನು. ಈ ಊರಿನ ಅರ್ಧ ಮಾಳಿಗೆಗಳು ನನ್ನ ಹಲಗೆಯ ಮೇಲೆ ಮಲಗಿ ಎದ್ದವು. ಪುರಸಭೆಯ ಮಹಡಿಯೂ ನನ್ನದೇ ಕೆಲಸ. ಅನುಮತಿ ಕೈಗೆ ಬಂದರೆ ಒಂದೇ ತಿಂಗಳಲ್ಲಿ ಕೋಣೆ ನಿಲ್ಲಿಸುತ್ತೇನೆ. ಅರವತ್ತು ದಿನದೊಳಗೆ ಹೌದೋ ಅಲ್ಲವೋ ಹೇಳಬೇಕೆಂದು ಕಾಯಿದೆ. ಅಲ್ಲಿ ಗೋಡೆಯ ಮೇಲೇ ಬರೆದಿದ್ದಾರೆ, ಅಕ್ಷರ ಮಾತ್ರ ಕೋಳಿ ಕೆದರಿದ ಹಾಗಿದೆ.

ನಕ್ಷೆ ಬರೆಯುವವನ ಮುಂದೆ ತಂಗಿ ಉಸಿರು ಹಿಡಿದು ರುಜು ಹಾಕಿದಳು. ಅವಳು ಶಾಲೆಯ ಮೆಟ್ಟಿಲು ಹತ್ತಿದವಳಲ್ಲ. ನಾನು ಶಾಲೆಗೆ ಹೋದರೆ ದನ ಕಾಯಲು ಯಾರಾದರೂ ಬೇಕಿತ್ತು, ಆ ಯಾರಾದರೂ ಅವಳಾದಳು. ಮದುವೆ ಗೊತ್ತಾದ ಮೇಲೆ, ಹೆಬ್ಬೆಟ್ಟು ಒತ್ತುವ ಹೆಣ್ಣು ಅನ್ನಬಾರದೆಂದು ನಾನೇ ಸ್ಲೇಟು ಹಿಡಿದು ರುಜು ಕಲಿಸಿದೆ. ಕೊನೆಯಲ್ಲಿ ಹಲ್ಲಿಯ ಬಾಲದ ಹಾಗೆ ಒಂದು ಎಳೆತ, ಅದು ನನ್ನ ಸ್ವಂತ ಕಲ್ಪನೆ. ಈಗಲೂ ಅದನ್ನು ಅವಳಿಗಿಂತ ನಾನೇ ಚೆನ್ನಾಗಿ ಹಾಕುತ್ತೇನೆ. ಕೂಸಿನ ಶಾಲೆಯ ಅಂಕಪಟ್ಟಿಗಳಿಗೆ ತಾಯಿಯ ರುಜು ಹಾಕಿದ್ದೆಲ್ಲ ನಾನು. ಒಬ್ಬ ಮೇಷ್ಟ್ರಿಗೂ ವಾಸನೆ ಹತ್ತಲಿಲ್ಲ.

ಜನವರಿ 22, ಬುಧವಾರ

ಆಸ್ಪತ್ರೆಗೆ ತಾಯಿ ಮಗಳು ಹೋದರು, ಪುರಸಭೆಗೆ ನಾನು. ಆಸ್ಪತ್ರೆ ಹೆಂಗಸರ ಕೆಲಸ, ಅಲ್ಲಿಯ ವಾಸನೆ ನನಗಾಗುವುದಿಲ್ಲ.

ನಮ್ಮ ಕಡತ ಇರುವ ಮೇಜಿನ ಗುಮಾಸ್ತನಿಗೆ ‘ಊಟದವನು’ ಎಂದು ಹೆಸರಿಟ್ಟಿದ್ದೇನೆ. ಹನ್ನೊಂದಕ್ಕೆ ಹೋದರೂ ಊಟಕ್ಕೆ ಹೋಗಿದ್ದಾರೆ, ನಾಲ್ಕಕ್ಕೆ ಹೋದರೂ ಊಟಕ್ಕೆ ಹೋಗಿದ್ದಾರೆ. ಇಷ್ಟು ಉಣ್ಣುವವನು ಕಡ್ಡಿಯ ಹಾಗೇಕಿದ್ದಾನೋ. ಕುರ್ಚಿಯ ಬೆನ್ನಿಗೆ ಸದಾ ಒಂದು ಟವೆಲು. ಇವತ್ತು ಆ ಟವೆಲಿಗೇ ನಮಸ್ಕಾರ ಮಾಡಿ, ಸ್ವಾಮೀ ನಮ್ಮ ಕೆಲಸ ಎಲ್ಲಿಗೆ ಬಂತು ಎಂದು ಕೇಳಿದೆ. ಇಡೀ ಕೋಣೆ ನಕ್ಕಿತು. ಟಪಾಲಿನ ಹೆಂಗಸು ಕಣ್ಣೊರೆಸಿಕೊಂಡಳು.

ಮನೆಯಲ್ಲಿ ಕೂಸಿಗೆ ಇದನ್ನು ಅಭಿನಯಿಸಿ ತೋರಿಸಿದೆ. ಮಲಗಿಕೊಂಡೇ ನಕ್ಕಳು. ಶಾಲೆಯ ಅಂಗಿಗಳಿಗೆ ಕಾಲರು ಹೊಲಿದುಕೊಡುವುದು ಅವಳ ಕೆಲಸ. ಉಳಿದ ಬಟ್ಟೆಯಲ್ಲಿ ಹೊಸ ಕೋಣೆಯ ಕಿಟಕಿಗೆ ಈಗಲೇ ಪರದೆ ಹೊಲಿಯುತ್ತಿದ್ದಾಳೆ. ಕಿಟಕಿಯ ಅಳತೆ ಕೇಳಿದಳು. ಟೇಪು ಹಿಡಿಯದೆ ಹೇಳಿದೆ, ನಾಲ್ಕು ಅಡಿಗೆ ಮೂರೂವರೆ. ನಕ್ಷೆ ತೆಗೆದು ನೋಡಿದಳು, ಅಷ್ಟೇ ಇತ್ತು. ನನ್ನ ಕಣ್ಣು ಅಂದರೆ ಏನೆಂದುಕೊಂಡಿದ್ದಾರೆ.

ಫೆಬ್ರವರಿ 27, ಗುರುವಾರ

ಇವತ್ತು ಒಂದು ದೊಡ್ಡ ಕೆಲಸ ಮಾಡಿದೆ.

ನಿನ್ನೆ ಪರದೆಯ ನೆಪದಲ್ಲಿ ನಕ್ಷೆಯನ್ನು ಮತ್ತೊಮ್ಮೆ ಬಿಡಿಸಿದಾಗ ಕಣ್ಣಿಗೆ ಬಿತ್ತು: ಕಿಟಕಿಗೆ ಸಜ್ಜಾ ಇಲ್ಲ. ಮಳೆ ಬಿಸಿಲು ತಡೆಯಲು ಕಿಟಕಿಯ ಮೇಲೆ ಎರಡಡಿ ಚಾಚಿಕೊಂಡಿರಬೇಕಾದ ಗಾರೆ ಹಲಗೆ, ಅದೇ ಇಲ್ಲ. ನಕ್ಷೆ ಬರೆದ ಹುಡುಗಮುಂಡೇದು ಕಾಲೇಜು ಓದಿದ್ದು, ಮಳೆಯಲ್ಲಿ ನಿಂತದ್ದಲ್ಲ. ಮೊದಲ ಮಳೆಗೇ ಕೂಸಿನ ಹಾಸಿಗೆ ನೆನೆಯುತ್ತದೆ. ನಾಳೆ ಊರಿನ ಮೇಸ್ತ್ರಿಗಳೆಲ್ಲ ಬಂದು, ಇವನ ಮನೆಯ ಕಿಟಕಿಗೇ ಸಜ್ಜಾ ಇಲ್ಲ ನೋಡು ಎಂದು ಹಲ್ಲು ಕಿರಿದರೆ ನಾನು ಮುಖ ಎಲ್ಲಿಟ್ಟುಕೊಳ್ಳಲಿ?

ಕೂತು ನಾನೇ ನಕ್ಷೆ ತಿದ್ದಿದೆ. ಒಂದು ಪತ್ರ ಬರೆದೆ. ಸರ್ಕಾರಕ್ಕೆ ಬರೆಯುವ ಭಾಷೆ ನನಗೆ ಚೆನ್ನಾಗಿ ಬರುತ್ತದೆ. ‘ಈ ಹಿಂದೆ ಸಲ್ಲಿಸಿದ ನಕ್ಷೆಯು ದೋಷಪೂರಿತವಾಗಿರುವುದರಿಂದ ಸದರಿ ನಕ್ಷೆಯನ್ನು ರದ್ದುಪಡಿಸಿ, ಇದರೊಡನಿರುವ ನಕ್ಷೆಯನ್ನು ಪರಿಗಣಿಸಬೇಕಾಗಿ ವಿನಂತಿ.’ ರದ್ದುಪಡಿಸಿ ಎಂಬ ಮಾತಿಗೆ ಒಂದು ತೂಕವಿದೆ. ಅದಿಲ್ಲದಿದ್ದರೆ ಪತ್ರ ಸಪ್ಪೆ. ತಂಗಿ ಬಟ್ಟೆ ಒಗೆಯುತ್ತಿದ್ದಳು, ಒದ್ದೆ ಕೈಯಲ್ಲಿ ಯಾಕೆ ಕರೆಯುವುದೆಂದು ರುಜುವನ್ನೂ ನಾನೇ ಎಳೆದೆ. ಬಾಲ ಬಹಳ ಚೆನ್ನಾಗಿ ಬಂತು.

ಊಟದವನು ಇವತ್ತು ಕುರ್ಚಿಯಲ್ಲಿದ್ದ. ಪತ್ರವನ್ನು ಎರಡು ಸಲ ಓದಿ, ಮೊದಲ ಬಾರಿಗೆ ನನ್ನ ಮುಖ ನೋಡಿದ. ನಕ್ಕನೋ ಏನೋ. ಠಸ್ಸೆ ಹೊಡೆದು ಪ್ರತಿ ಕೊಟ್ಟ. ಈ ಪುಟಕ್ಕೆ ಅಂಟಿಸಿದ್ದೇನೆ. ಮನೆಯಲ್ಲಿ ಹೇಳಿಲ್ಲ, ಸಜ್ಜಾ ಎದ್ದು ನಿಂತ ದಿನ ನೋಡಿ ಬಾಯಿ ಬಿಡಲಿ.

ಮಾರ್ಚ್ 10, ಸೋಮವಾರ

ಅರವತ್ತು ದಿನ ಶನಿವಾರಕ್ಕೆ ಮುಗಿಯಿತು. ಪುರಸಭೆಯಿಂದ ಹೌದೂ ಇಲ್ಲ, ಅಲ್ಲವೂ ಇಲ್ಲ. ಇವತ್ತು ವಕೀಲಮ್ಮನ ಹತ್ತಿರ ಹೋದೆ. ಕೂಸಿಗಿಂತ ಎರಡು ಮೂರು ವರ್ಷ ದೊಡ್ಡವಳಿದ್ದಾಳು. ಕಚೇರಿ ಬಟ್ಟೆ ಅಂಗಡಿಯ ಮೇಲೆ, ಮೆಟ್ಟಿಲು ಕಡಿದಾಗಿದೆ. ಅವಳು ಹೇಳಿದ್ದು ಕೇಳಿ ಮೀಸೆ ತಾನಾಗಿಯೇ ಮೇಲೆ ಹೋಯಿತು. ಅರವತ್ತು ದಿನ ಬಾಯಿ ಬಿಡದಿದ್ದರೆ ಅನುಮತಿ ಕೊಟ್ಟ ಹಾಗೇ ಲೆಕ್ಕವಂತೆ. ಆದರೆ ಕಾಗದವಿಲ್ಲದೆ ಇಟ್ಟಿಗೆ ಇಟ್ಟರೆ ಮರುದಿನವೇ ಬಂದು ಕೀಳುತ್ತಾರೆ, ಆದ್ದರಿಂದ ಅದನ್ನು ನ್ಯಾಯಾಲಯದ ಬಾಯಿಂದಲೇ ಹೇಳಿಸಬೇಕು ಎಂದಳು.

ಈ ಅರವತ್ತು ದಿನದಲ್ಲಿ ಪುರಸಭೆಗೆ ಬೇರೆ ಏನಾದರೂ ಬರೆದುಕೊಟ್ಟಿದ್ದೀರಾ ಎಂದು ಕೇಳಿದಳು. ಇಲ್ಲ ಎಂದೆ. ಸಜ್ಜಾ ಒಂದು ಬರೆದುಕೊಟ್ಟದ್ದೇ? ಅದು ಕಟ್ಟಡದ ಮಾತು, ಕಾಯಿದೆಯ ಮಾತಲ್ಲ.

ಮಾರ್ಚ್ 20, ಗುರುವಾರ

ಹೋದ ವಾರ ಕೂಸಿನ ಹೊಟ್ಟೆಗೆ ಕೊಳವೆ ಹಾಕಿದರು. ತೋಳು ಊದಿಕೊಳ್ಳುತ್ತಿದೆ, ಇನ್ನು ತಡ ಬೇಡ, ಕೋಣೆ ಆದ ದಿನದಿಂದ ಶುರು ಮಾಡಿ ಎಂದರು ಡಾಕ್ಟರು. ಕೈ ತೊಳೆಯುವುದನ್ನು ಕಲಿಸಲು ಇವತ್ತು ದಾದಿಯೊಬ್ಬಳು ಮನೆಗೇ ಬಂದಿದ್ದಳು. ಬೆರಳ ಸಂದು, ಉಗುರು, ಮಣಿಕಟ್ಟು. ಒಂದು ನಿಮಿಷ ತೊಳೆಯಬೇಕಂತೆ, ನಾನು ಎರಡು ನಿಮಿಷ ತೊಳೆದು ತೋರಿಸಿದೆ. ಸಿಮೆಂಟು ಕೈ, ಹೇಗೆ ತೊಳೆದರೂ ಬೂದಿ ಬಣ್ಣವೇ.

ಹೊಟ್ಟೆಯಿಂದ ವಾಪಸು ಬಂದ ನೀರಿನ ಚೀಲವನ್ನು ಅಕ್ಷರವಿರುವ ಒಂದು ಕಾಗದದ ಮೇಲೆ ಹಿಡಿದು ನೋಡಬೇಕು. ಅಕ್ಷರ ಓದಲು ಬಂದರೆ ನೀರು ತಿಳಿಯಾಗಿದೆ, ಎಲ್ಲ ಸರಿ. ಮಬ್ಬಾಗಿ ಓದಲು ಬಾರದಿದ್ದರೆ ಒಳಗೆ ಕೀವಾಗಿದೆ, ತಕ್ಷಣ ಆಸ್ಪತ್ರೆಗೆ ಓಡಬೇಕು. ಹಳೆಯ ಪತ್ರಿಕೆ ಸಾಕು ಎಂದಳು ದಾದಿ. ಪತ್ರಿಕೆ ಯಾಕೆ, ನಾನಿಲ್ಲವೇ? ರಟ್ಟಿನ ಮೇಲೆ ದುಂಡಗೆ ‘ಸುಸ್ವಾಗತ’ ಎಂದು ಬರೆದುಕೊಟ್ಟೆ. ಹೊಟ್ಟೆಯಿಂದ ಬರೋ ನೀರಿಗೆ ಸುಸ್ವಾಗತವಾ ಮಾವ, ಎಂದು ಕೂಸು ಹೊಲಿಗೆ ನೋವು ಹಿಡಿದುಕೊಂಡು ನಕ್ಕಳು.

ಏಪ್ರಿಲ್ 3, ಗುರುವಾರ

ಮೊದಲ ವಿಚಾರಣೆ. ಪುರಸಭೆಯ ವಕೀಲರು ಎರಡು ವಾರ ಸಮಯ ಕೇಳಿದರು. ಕೊಟ್ಟರು. ಒಂದೂವರೆ ನಿಮಿಷ.

ಏಪ್ರಿಲ್ 17, ಗುರುವಾರ

ಬರೆಯಬಾರದು ಅನ್ನಿಸುತ್ತಿದೆ. ಆದರೂ.

ಪುರಸಭೆಯ ವಕೀಲರು ಕಡತದಿಂದ ಒಂದು ಕಾಗದ ತೆಗೆದು ನ್ಯಾಯಾಧೀಶರಿಗೆ ಕೊಟ್ಟರು. ಹಿಂದಿನ ಬೆಂಚಿನಿಂದಲೇ ನನಗೆ ಗುರುತು ಸಿಕ್ಕಿತು. ಅಷ್ಟು ದೂರಕ್ಕೂ ಓದಿಸಿಕೊಳ್ಳುವ ಅಕ್ಷರ. ಅರ್ಜಿದಾರರೇ ಹಳೆಯ ನಕ್ಷೆಯನ್ನು ರದ್ದುಪಡಿಸಿ ಎಂದು ಬರೆದುಕೊಟ್ಟಿದ್ದಾರೆ, ಅವತ್ತೇ ಕಡತ ಮುಚ್ಚಿದ್ದೇವೆ, ಹೊಸ ನಕ್ಷೆಗೆ ಹೊಸ ಅರ್ಜಿ ಹಾಕಬೇಕಿತ್ತು, ಹಾಕಿಲ್ಲ, ನಮ್ಮ ಮುಂದೆ ಈಗ ಅರ್ಜಿಯೇ ಇಲ್ಲ, ಏನನ್ನು ತೀರ್ಮಾನ ಮಾಡೋಣ ಎಂದರು. ಮಡಚಿಟ್ಟ ಬಟ್ಟೆಯ ಹಾಗೆ ಮಾತಾಡಿದರು, ಎಲ್ಲೂ ಸುಕ್ಕಿಲ್ಲ.

ವಕೀಲಮ್ಮ ಆ ಕಾಗದ ನೋಡಿ ನಮ್ಮ ಕಡೆ ತಿರುಗಿದಳು. ಅವಳ ಮುಖ ನಾನು ನೋಡಲಿಲ್ಲ. ನ್ಯಾಯಾಧೀಶರು ತಂಗಿಯನ್ನು ಮುಂದೆ ಕರೆದರು. ದೊಡ್ಡ ದನಿಯಲ್ಲೇನಲ್ಲ, ಮಕ್ಕಳಿಗೆ ಹೇಳುವ ಹಾಗೆ ಬಿಡಿಸಿ ಹೇಳಿದರು.

“ನೋಡಿಯಮ್ಮ, ಈ ರುಜು ನಿಮ್ಮದಲ್ಲ ಅಂದ್ರೆ ಈ ಕಾಗದಕ್ಕೆ ಬೆಲೆ ಇಲ್ಲ. ನಿಮಗೆ ಅನುಮತಿ ಸಿಕ್ಕಿದೆ ಅಂತ ಇವತ್ತೇ ಹೇಳ್ತೀನಿ. ಯಾರು ಹಾಕಿದ್ರು ಅನ್ನೋದನ್ನ ಪೊಲೀಸರು ನೋಡ್ಕೋತಾರೆ. ನಿಮ್ಮದೇ ಅಂದ್ರೆ, ಹೊಸ ಅರ್ಜಿ ಹಾಕಿ ಮೊದಲಿಂದ ಅರವತ್ತು ದಿನ ಕಾಯ್ಬೇಕು. ಇದು ನಿಮ್ಮ ರುಜುನಾ?”

ತಂಗಿಗೆ ಪತ್ರ ಓದಲು ಬರುವುದಿಲ್ಲ. ರುಜುವಿನ ಮೇಲೆ ಬೆರಳಿಟ್ಟಳು. ಬಾಲದ ತನಕ ಬೆರಳು ಎಳೆದಳು. ನನ್ನ ಕಡೆ ತಿರುಗಲಿಲ್ಲ.

“ನಂದೇ ಸ್ವಾಮಿ.”

ನಾನು ಏಳಬೇಕೆಂದಿದ್ದೆ. ಬೆಂಚು ಬಹಳ ಇಕ್ಕಟ್ಟು, ಪಕ್ಕದವನ ಚೀಲ ನನ್ನ ಕಾಲಿನ ಮೇಲಿತ್ತು. ಅಷ್ಟರಲ್ಲಿ ಮುಂದಿನ ಸಂಖ್ಯೆ ಕೂಗಿದರು.

ಏಪ್ರಿಲ್ 18, ಶುಕ್ರವಾರ

ತಂಗಿ ಬೆಳಗ್ಗೆ ಒಲೆ ಹಚ್ಚಿದಳು. ಚಹಾ ಕೊಟ್ಟಳು. ಸಕ್ಕರೆ ಎಂದಿನ ಹಾಗೇ ಇತ್ತು.

ಏಪ್ರಿಲ್ 21, ಸೋಮವಾರ

ವಕೀಲಮ್ಮ ಹೊಸ ಅರ್ಜಿ ಹಾಕಿಸಿದಳು. ಇನ್ನು ಅರವತ್ತು ದಿನ. ಅರವತ್ತು ದಿನ ಅಂದರೆ ಎಷ್ಟು? ಒಂದು ಮಾಳಿಗೆ ಇಪ್ಪತ್ತೊಂದು ದಿನ ಹಲಗೆಯ ಮೇಲಿರಬೇಕು, ಮೊದಲೇ ಕಂಬ ಬಿಚ್ಚಿದರೆ ಕೂತುಬಿಡುತ್ತದೆ. ಮೂರು ಮಾಳಿಗೆ ಅಂದುಕೊಂಡರಾಯಿತು.

ಸಜ್ಜಾ ಬೇಕೇ ಬೇಕಿತ್ತು. ಯಾರನ್ನು ಬೇಕಾದರೂ ಕೇಳಿ.

ಇವತ್ತು ಆಸ್ಪತ್ರೆಯಲ್ಲಿ ಕೂಸಿನ ತೋಳಿಗೆ ಐದು ಸಲ ಸೂಜಿ ಹಾಕಿದರೂ ನರ ಸಿಗಲಿಲ್ಲ. ಕೋಣೆಗೆ ಕಾಯುವ ಹಾಗಿಲ್ಲ ಎಂದು ಹೊಟ್ಟೆಯ ಕೊಳವೆಯಲ್ಲೇ ಶುರು ಮಾಡಿ ಕಳಿಸಿದರು. ಅಡುಗೆಮನೆಯಲ್ಲಿ ಒಲೆ ಆಚೆ ಸರಿಸಿ, ಗೋಡೆಗೆ ಹೊಸ ಪ್ಲಾಸ್ಟಿಕ್ ಹಾಳೆ ಹೊಡೆದು ಕುರ್ಚಿ ಹಾಕಿದ್ದೇವೆ. ಗಿರಣಿಯ ಕಡೆಯ ಸಂದಿಗೆಲ್ಲ ನಾನು ಬಟ್ಟೆ ತುರುಕಿದೆ. ಗಿರಣಿಯವನನ್ನು ದಿನಕ್ಕೆ ನಾಲ್ಕು ಗಂಟೆ ನಿಲ್ಲಿಸಪ್ಪಾ ಎಂದು ಕೇಳಿದೆ, ಒಪ್ಪಿದ. ನಾನು ಬೇಡಿದ್ದು ನೋಡಿ ಅವನೇ ನಾಚಿಕೊಂಡ.

ಏಪ್ರಿಲ್ 24, ಗುರುವಾರ

ವಕೀಲಮ್ಮನ ಕಚೇರಿಗೆ ಹದಿನೇಳು ಮೆಟ್ಟಿಲು. ಹನ್ನೊಂದನೆಯದು ಅರ್ಧ ಇಂಚು ಎತ್ತರ, ಯಾರೋ ಅಳತೆ ತಪ್ಪಿದ್ದಾರೆ. ಹನ್ನೊಂದನೆಯದರ ತನಕ ಹೋಗಿದ್ದೆ. ಮೇಲೆ ಯಾರೋ ಕಕ್ಷಿದಾರರು ಮಾತಾಡುತ್ತಿದ್ದರು. ಸೋಮವಾರ ಬಂದರಾಯಿತು ಎಂದು ಇಳಿದೆ.

ಏಪ್ರಿಲ್ 26, ಶನಿವಾರ

ಬೆಳಗಿನ ಚೀಲ ಮಬ್ಬಾಗಿತ್ತು. ಕೂಸು ಅದನ್ನು ರಟ್ಟಿನ ಮೇಲೆ ಹಿಡಿದಳು. ಬೆಳಕಿಗೆ ತಿರುಗಿಸಿ ಹಿಡಿದಳು. ಮಾವ ನೀನು ನೋಡು, ನನಗೆ ಕಣ್ಣು ಮಂಜೋ ಏನೋ ಎಂದಳು. ನೋಡಿದೆ. ನನ್ನ ಅಕ್ಷರ ಕಾಣಲಿಲ್ಲ.

ಏಪ್ರಿಲ್ 28, ಸೋಮವಾರ

ಕೂಸು ಆಸ್ಪತ್ರೆಯಲ್ಲಿದ್ದಾಳೆ. ಜ್ವರ ಇಳಿದಿಲ್ಲ. ಎರಡು ದಿನದಿಂದ ಅಲ್ಲೇ ಇದ್ದೆ. ಮಂಚದ ಕೆಳಗೆ ಚಾಪೆ ಹಾಸಿಕೊಂಡರೆ ಮಂಚದ ತಳ ಕಾಣುತ್ತದೆ, ಬೆಸುಗೆ ಒರಟು.

ಹನ್ನೊಂದು ಗಂಟೆಗೆ ವಕೀಲಮ್ಮನ ಕಚೇರಿಗೆ ಹೋಗಿ, ನಿಂತುಕೊಂಡೇ ಹೇಳಿದೆ. ಪತ್ರ ನಾನು ಬರೆದದ್ದು, ರುಜುವೂ ನಾನೇ ಹಾಕಿದ್ದು, ತಂಗಿಗೆ ಗೊತ್ತೇ ಇರಲಿಲ್ಲ. ಅವಳು ಪೆನ್ನು ಮುಚ್ಚಿಟ್ಟಳು. ನಿಮ್ಮ ತಂಗಿಯನ್ನು ಕರೆದು ಕೇಳಿದಾಗ ನೀವು ಎಲ್ಲಿದ್ದಿರಿ ಎಂದು ಕೇಳಿದಳು. ಹಿಂದಿನ ಬೆಂಚಿನಲ್ಲಿ ಎಂದೆ.

“ಅವತ್ತು ಎದ್ದು ನಿಂತಿದ್ರೆ ಹನ್ನೊಂದು ದಿನದಲ್ಲಿ ಗೋಡೆ ಎದ್ದಿರೋದು,” ಎಂದಳು.

ಗೋಡೆ ಎದ್ದಿರುತ್ತಿತ್ತು, ಮಾಳಿಗೆ ಇರುತ್ತಿರಲಿಲ್ಲ ಎನ್ನಲು ಬಾಯಿ ತೆರೆದೆ. ಮುಚ್ಚಿಕೊಂಡೆ.

ಪ್ರಮಾಣಪತ್ರ ಬರೆಸಿದಳು. ಇದರಿಂದ ನಿಮ್ಮ ಮೇಲೆ ಪೊಲೀಸು ಕೇಸಾಗುತ್ತದೆ, ಮನಸ್ಸು ಗಟ್ಟಿ ಮಾಡಿಕೊಳ್ಳಿ ಎಂದಳು. ನನ್ನ ಹೆಸರಿನ ಮುಂದೆ ನನ್ನ ರುಜು ಹಾಕಿದೆ. ಅಕ್ಷರ ಸೊಟ್ಟಗೆ ಬಂತು. ವಯಸ್ಸಾಯಿತು.

ಮೇ 5, ಸೋಮವಾರ

ಕೊಳವೆ ತೆಗೆದರು. ಕುತ್ತಿಗೆಯಲ್ಲಿ ಬೇರೆ ಕೊಳವೆ ಹಾಕಿ ಯಂತ್ರಕ್ಕೆ ಹಚ್ಚಿದ್ದಾರೆ. ಹೊಟ್ಟೆ ಒಳಗೆ ಮಾಯಬೇಕು, ಪರೀಕ್ಷೆ ಮಾಡಿ ಹತ್ತು ಹನ್ನೆರಡು ದಿನದ ಮೇಲೆ ಹೇಳುತ್ತೇವೆ ಎಂದರು.

ಮೇ 15, ಗುರುವಾರ

ಅದೇ ಬೆಂಚು. ಇವತ್ತು ಎಲ್ಲರಿಗಿಂತ ಮೊದಲೇ ಹೋಗಿ ತುದಿಯಲ್ಲಿ ಕೂತಿದ್ದೆ. ಕರೆದ ತಕ್ಷಣ ಎದ್ದೆ.

ನ್ಯಾಯಾಧೀಶರು ಪತ್ರ ತೋರಿಸಿ ಕೇಳಿದರು, ನಾನೇ ಎಂದೆ. ಯಾಕೆ ಬರೆದೆ ಎಂದರು. ಸಜ್ಜಾ ಇರಲಿಲ್ಲ ಸ್ವಾಮಿ ಎಂದೆ. ಯಾರೋ ನಕ್ಕರು. ಮನೆಯಲ್ಲಾಗಿದ್ದರೆ ಇನ್ನೆರಡು ಮಾತು ಸೇರಿಸಿ ಪೂರ್ತಿ ನಗಿಸುತ್ತಿದ್ದೆ.

ಆಮೇಲೆ ತಂಗಿಯನ್ನು ಕರೆದರು. ಹೋದ ಸಲ ನಿಮ್ಮದೇ ಅಂದಿರಲ್ಲ, ನ್ಯಾಯಾಲಯದ ಮುಂದೆ ಸುಳ್ಳು ಹೇಳಿದಿರಾ ಎಂದು ಕೇಳಿದರು. ಅವಳು ಕಟಕಟೆಯ ಮರ ಹಿಡಿದುಕೊಂಡಳು.

“ಆ ರುಜು ನಂಗೆ ಕಲಿಸಿದ್ದೇ ಅಣ್ಣ, ಸ್ವಾಮಿ. ನಂಗೆ ಬರೋ ಅಕ್ಷರ ಅದೊಂದೇ. ಅವನು ಹಾಕಿದ್ರೂ ನಂದೇ ಅಂತ ಅಂದ್ಕೊಂಡೆ.”

ನ್ಯಾಯಾಧೀಶರು ಕನ್ನಡಕ ತೆಗೆದಿಟ್ಟರು. ನೀವು ಹೋಗಿ ಕೂತುಕೊಳ್ಳಿ ಎಂದು ಅವಳನ್ನು ಕಳಿಸಿದರು. ಹಳೆಯ ಆದೇಶ ವಾಪಸು ಪಡೆದಿದ್ದೇವೆ, ಅರ್ಜಿದಾರಳ ರುಜುವಿಲ್ಲದ ಪತ್ರದಿಂದ ಕಡತ ಮುಚ್ಚಿದ್ದು ಸಲ್ಲದು, ಮಾರ್ಚ್ ಎಂಟಕ್ಕೇ ಅನುಮತಿ ಸಿಕ್ಕಿದೆ ಎಂದು ಲೆಕ್ಕ, ಏಳು ದಿನದಲ್ಲಿ ಕಾಗದ ಕೊಡಿ ಎಂದು ಬರೆಸಿದರು. ಕಡತ ಮುಚ್ಚಿದ ಮೇಲೆ ಆ ಹೆಂಗಸಿಗೆ ಒಂದು ಸಾಲು ತಿಳಿಸಲು ನಿಮಗೆ ಏನು ರೋಗವಾಗಿತ್ತು ಎಂದು ಪುರಸಭೆಗೂ ಉಗಿದರು. ನನ್ನ ರುಜುವಿನ ವಿಷಯ ಪೊಲೀಸರಿಗೆ.

ಗೆದ್ದೆವು. ಬಸ್ಸಿನಲ್ಲಿ ತಂಗಿ ಕಿಟಕಿಯ ಕಡೆ ಕೂತಳು, ನಾನು ಈಚೆ. ಇಳಿಯುವಾಗ ಮಾತ್ರ ಚೀಲ ನನ್ನ ಕೈಗೆ ಕೊಟ್ಟಳು.

ಮೇ 19, ಸೋಮವಾರ

ಹೊಟ್ಟೆಯ ಒಳಗಿನ ಪೊರೆ ಕಲೆಗಟ್ಟಿ ಅಂಟಿಕೊಂಡಿದೆ. ಇನ್ನು ಯಾವತ್ತೂ ಆ ದಾರಿಯಲ್ಲಿ ಆಗುವುದಿಲ್ಲ. ಯಂತ್ರವೇ. ಸೋಮ, ಬುಧ, ಶುಕ್ರ.

ಡಾಕ್ಟರು ಇದನ್ನು ಹೇಳುವಾಗ ಕೂಸು ಅವರ ಕೋಟಿನ ಕಾಲರು ನೋಡುತ್ತಿದ್ದಳು. ಹೊರಗೆ ಬಂದ ಮೇಲೆ, ಹೊಲಿಗೆ ಬಿಟ್ಟಿದೆ ಅವರದ್ದು ಎಂದಳು.

ಮೇ 30, ಶುಕ್ರವಾರ

ಏಳು ದಿನ ಎಂದದ್ದು ಹದಿನೈದಾಯಿತು. ಕೂಸು ಯಂತ್ರದಿಂದ ಇಳಿದ ಮೇಲೆ ಬಸ್‌ನಿಲ್ದಾಣದಿಂದ ನೇರ ಪುರಸಭೆಗೆ ಹೋಗಿ ಮೂವರೂ ಕೂತೆವು. ಊಟದವನು ಕುರ್ಚಿಯಲ್ಲೇ ಇದ್ದ. ನಾನು ಅವನ ಟವೆಲಿಗೆ ಏನೂ ಹೇಳಲಿಲ್ಲ. ಕೂಸಿನ ಕುತ್ತಿಗೆಯ ಪಟ್ಟಿ ನೋಡಿ ಅವನೇ ಫ್ಯಾನು ಅವಳ ಕಡೆ ತಿರುಗಿಸಿದ.

ಕಾಗದ ತಲುಪಿದ ಪುಸ್ತಕಕ್ಕೆ ತಂಗಿ ರುಜು ಹಾಕಬೇಕಿತ್ತು. ಅಭ್ಯಾಸಬಲ, ನನ್ನ ಕೈ ಪೆನ್ನಿನ ಕಡೆ ಹೋಯಿತು. ಅಷ್ಟರಲ್ಲಿ ಅವಳು ಪೆನ್ನು ತೆಗೆದುಕೊಂಡು, ಒಂದೊಂದೇ ಅಕ್ಷರವಾಗಿ ತನ್ನ ಪೂರ್ತಿ ಹೆಸರು ಬರೆದಳು. ಬಾಲವಿಲ್ಲ. ಅರ್ಜಿಯ ರುಜುವಿಗೂ ಇದಕ್ಕೂ ಹೊಂದುವುದಿಲ್ಲವಲ್ಲ ಎಂದ ಊಟದವನು. ಹಳೆಯದು ಬಿಟ್ಟಿದೀನಿ, ಇದು ಮಗಳು ಕಲಿಸಿದ್ದು ಎಂದಳು ತಂಗಿ. ಅವನು ಪುಸ್ತಕ ತನ್ನ ಕಡೆ ತಿರುಗಿಸಿಕೊಂಡು ಠಸ್ಸೆ ಹೊಡೆದ.

ಯಾವಾಗ ಕಲಿಸಿದಳೋ. ನನಗೆ ಗೊತ್ತಾಗಲೇ ಇಲ್ಲ. ಆಸ್ಪತ್ರೆಯ ನಾಲ್ಕು ಗಂಟೆಗಳಲ್ಲಿ ಇರಬೇಕು.

ಜೂನ್ 4, ಬುಧವಾರ

ಇನ್ನು ಕೋಣೆ ಯಾಕೆ ಎಂದು ನಾನೇ ಕೇಳಿದೆ. ಪರದೆ ಹೊಲಿದಾಗಿದೆಯಲ್ಲ ಮಾವ ಎಂದಳು ಕೂಸು. ಯಂತ್ರದಿಂದ ಬಂದ ದಿನ ಮಲಗಲು ಹಿಟ್ಟು ಬೀಳದ ಒಂದು ಜಾಗ ಬೇಕು ಎಂದಳು ತಂಗಿ. ನ್ಯಾಯಾಲಯ ಕೊಟ್ಟಿರುವುದು ಹಳೆಯ ನಕ್ಷೆಗೆ, ಒಂದು ಇಂಚೂ ಅದರಾಚೆ ಹೋಗಬೇಡಿ, ಸಜ್ಜಾ ಬೇಕಾದರೆ ಬೇರೆ ಅರ್ಜಿ ಹಾಕೋಣ ಎಂದು ವಕೀಲಮ್ಮ ಹೇಳಿ ಕಳಿಸಿದ್ದಾಳೆ. ಬೇಡ ಎಂದೆ.

ಜೂನ್ 13, ಶುಕ್ರವಾರ

ಮಾಳಿಗೆ ಹಾಕಿದ್ದು ನಿನ್ನೆ. ಇವತ್ತು ಆಸ್ಪತ್ರೆ. ಕೂಸಿಗೆ ಯಂತ್ರದಲ್ಲಿ ಎರಡನೆಯ ಗಂಟೆಗೆ ಕಾಲು ಸೆಳೆಯುತ್ತದೆ, ಪಾದ ಮೇಲಕ್ಕೆ ಒತ್ತಿ ಹಿಡಿದರೆ ಬಿಡುತ್ತದೆ. ಎಡಗಾಲು ಹೆಚ್ಚು.

ಜುಲೈ 3, ಗುರುವಾರ

ಕಂಬ ಬಿಚ್ಚಿದೆ. ಪುರಸಭೆಯವರು ಟೇಪು ಹಿಡಿದು ಬಂದಿದ್ದರು. ನಾಲ್ಕು ಅಡಿ, ಮೂರೂವರೆ ಅಡಿ. ಎಲ್ಲ ನಕ್ಷೆಯ ಪ್ರಕಾರ.

ಪೊಲೀಸು ಠಾಣೆಗೆ ಮಂಗಳವಾರ ಬರಲು ಹೇಳಿದ್ದಾರೆ. ಸೋಮವಾರ ಅಲ್ಲದ್ದು ಒಳ್ಳೆಯದಾಯಿತು.

ಜುಲೈ 11, ಶುಕ್ರವಾರ

ಆಸ್ಪತ್ರೆಯಿಂದ ಐದು ಗಂಟೆಗೆ ಬಂದೆವು. ಕೂಸು ಹೊಸ ಕೋಣೆಯಲ್ಲಿ ಮಲಗಿದಳು. ಎಡಗಾಲು ಒತ್ತುತ್ತ ಕೂತಿದ್ದೆ. ಆರು ಗಂಟೆಗೆ ಈ ವರ್ಷದ ಮೊದಲ ದೊಡ್ಡ ಮಳೆ ಬಂತು. ಕಿಟಕಿಯ ಬಾಗಿಲಿಗೆ ಕೈ ಹಾಕುವಷ್ಟರಲ್ಲಿ ಎರಚಲು ಒಳಗೆ ಬಂದು ಪರದೆ ನೆಂದು ಗೋಡೆಗೆ ಅಂಟಿತು. ನೀರು ಕಿಟಕಿಯ ಕಟ್ಟೆಯಿಂದ ಇಳಿದು ಮಂಚದ ಕಾಲಿನ ತನಕ ಬಂತು. ಮೊದಲ ಮಳೆಗೇ ಹಾಸಿಗೆಯ ತನಕ ಬರುತ್ತದೆ ಎಂದು ನಾನು ಹೇಳಿದ್ದು ಇದನ್ನೇ.

ಕೂಸು ಒಂದು ಕಡೆಗೆ ಸರಿದು ನೀರು ಬರುವುದನ್ನೇ ನೋಡಿದಳು.

“ನೀನು ಹೇಳಿದ್ದು ಸರಿ ಮಾವ,” ಎಂದಳು. “ಸಜ್ಜಾ ಬೇಕಿತ್ತು.”

ತಂಗಿ ಬಾಗಿಲಲ್ಲಿ ನಿಂತಿದ್ದಳು. ಅವಳೂ ಹೌದು ಎಂದಳು.

ಬಟ್ಟೆ ತಂದು ಒರೆಸಿದೆ. ಹಿಂಡಿ ಮತ್ತೆ ಒರೆಸಿದೆ. ಮಳೆ ಇನ್ನೂ ಬರುತ್ತಿದೆ.